ಬಾಗಿಲ ಹಿಂದಿನಿಂದ ಮಾಡಿಸಿದ ಮದುವೆ

ಸುಮಾ, ವೀರೇಶ, ನಿಮ್ಮವ್ವನ ಮದುವೆಯಲ್ಲಿ ತಿಪ್ಪೇಶಿ ಕಂಕಣ ಕಟ್ಟಿಸದೆಯೇ ತಾಳಿ ಎತ್ತಿ ವರನ ಕೈಗೆ ಕೊಟ್ಟುಬಿಟ್ಟ. ಈ ತಿಪ್ಪೇಶಿ ನನ್ನ ಅಣ್ಣನ ಮಗ. ಹರಪನಹಳ್ಳಿಯಲ್ಲಿ ನಾಲ್ಕು ದಿನ ತರಬೇತಿ ಪಡೆದು, ಮದುವೆ ಮಾಡಿಸುವ ಅಧಿಕಾರಪತ್ರ ತಂದಿದ್ದ. ಅದನ್ನು ಕೊರಳಿಗೆ ಕಟ್ಟಿಕೊಳ್ಳುವುದೊಂದೇ ಬಾಕಿ ಎಂಬಂತೆ ಓಣಿಯಲ್ಲಿ ತಿರುಗುತ್ತಿದ್ದ.

"ಇದೆಂಥಾ ಮದುವಿ, ಏಳ್ರಿ" ಎಂದು ಹಡಗಲಿಯ ಬೀಗರು ಎದ್ದೇ ನಿಂತರು. ಗಂಡ ತೀರಿದವಳೆಂದು ಕೋಣೆಯೊಳಗೆ ಕೂತಿದ್ದ ನಾನು ಬಾಗಿಲ ಹಿಂದಿನಿಂದ, "ಮೊದ್ಲು ಕಂಕಣ ಕಟ್ಟಸಪ್ಪ" ಎಂದೆ. ಆಮೇಲೆ ಒಂದೊಂದು ಶಾಸ್ತ್ರಕ್ಕೂ ಅವನು ಬಾಗಿಲಿಗೆ ಕಿವಿ ಕೊಟ್ಟ; ನಾನು ಪಿಸುಗುಟ್ಟಿದ್ದನ್ನೇ ಗಟ್ಟಿಯಾಗಿ ಕೂಗಿದ. ಬೀಗರು ಮತ್ತೆ ಕೂತರು, ಮದುವೆ ಉಳಿಯಿತು.

ಕೊನೆಗೆ ಅಕ್ಕಿಕಾಳು ಹಿಡಿದು ನಾನೂ ಹೊಸ್ತಿಲಿಗೆ ಬಂದೆ.

"ಅತ್ತಿ, ನೀವು ಮುಂದ ಬರಬ್ಯಾಡ್ರಿ, ಶುಭಕಾರ್ಯ ಐತಿ" ಎಂದ ತಿಪ್ಪೇಶಿ.

"ಇದನ್ನೂ ತರಬೇತ್ಯಾಗ ಕಲಿಸ್ಯಾರೇನೋ?" ಎಂದು, ನಿಂತಲ್ಲಿಂದಲೇ ಮಗಳತ್ತ ಕಾಳು ಎಸೆದೆ. ಅರ್ಧ ಅವನ ನೆತ್ತಿಯ ಮೇಲೆ ಬಿತ್ತು.

ನೋಂದಣಿ ಕಚೇರಿಯ ಪುಸ್ತಕದಲ್ಲಿ ಮದುವೆ ಮಾಡಿಸಿದವನೆಂದು ಅವನ ಸಹಿಯೇ ಇದೆ. ಅದನ್ನು ತಿದ್ದಿಸಲು ನಾನು ಹೋಗಲಾರೆ, ನಿಮಗಾದರೂ ಗೊತ್ತಿರಲಿ. ಇದನ್ನೆಲ್ಲ ಬರೆದಿಟ್ಟ ಈ ಹಾಳೆಗಳನ್ನು ಜೋಪಾನವಾಗಿಡಿ.