ಆರರ ಕಡೆಗೆ ವಾಲಿದ ದಾಳ

ಕೋವಿಡ್ ಕಳೆದು ಕಾಲೇಜುಗಳು ಮತ್ತೆ ತೆರೆದ ವರ್ಷ. ನಾನು ಮೊಳಕಾಲ್ಮೂರಿನ ಪಿಯು ಕಾಲೇಜೊಂದರಲ್ಲಿ ಗಣಿತ ಉಪನ್ಯಾಸಕಿ. ಚಳ್ಳಕೆರೆಯ ಮನೆಯಿಂದ ದಿನಾ ಬಸ್ಸಿನಲ್ಲಿ ಓಡಾಟ. ಯಾವುದು ಎಷ್ಟರ ಮಟ್ಟಿಗೆ ಸಂಭವಿಸಬಹುದು ಎಂದು ಅಳೆಯುವ ಪ್ರಾಬಬಿಲಿಟಿ ಪಾಠವೆಂದರೆ ನನಗೆ ಹಬ್ಬ. ಆದರೆ ಪುಸ್ತಕದ ದಾಳಗಳು ಬಹಳ ಸಂಭಾವಿತರು. ಪ್ರತಿ ಮುಖಕ್ಕೂ ಆರರಲ್ಲೊಂದು ಪಾಲು, ತಕರಾರೇ ಇಲ್ಲ.

ಒಂದು ದಿನ ಫಸ್ಟ್ ಪಿಯುಸಿಯ ಪದ್ಮಾವತಿ ಮನೆಯಿಂದ ಹಳೆಯ ಮರದ ದಾಳವೊಂದನ್ನು ತಂದಳು. ರೇಷ್ಮೆ ಸೀರೆ ನೇಯುವವರ ಮನೆಯ ಹುಡುಗಿ. "ಮೇಡಂ, ಇದ್ರಲ್ಲಿ ಆರು ಜಾಸ್ತಿ ಬೀಳ್ತೈತೆ. ಲೆಕ್ಕ ಹಾಕಿ ಸರಿ ಮಾಡಾಕೆ ಆಗ್ತೈತಾ?"

ನನಗೆ ಬೇಕಿದ್ದುದೇ ಅದು. ನೋಡಿದರೆ ಒಂದರ ಚುಕ್ಕಿಗೆ ಯಾರೋ ಹಿತ್ತಾಳೆ ಮೊಳೆ ಹೊಡೆದಿದ್ದರು. ಆ ಮುಖ ಭಾರವಾಗಿ ಕೆಳಗೆ ಕೂರುತ್ತಿತ್ತು, ಎದುರಿನ ಆರು ಮೇಲೆ ಬರುತ್ತಿತ್ತು. ಇಡೀ ತರಗತಿ ಸರದಿಯಲ್ಲಿ ನೂರಿಪ್ಪತ್ತು ಸಲ ಎಸೆಯಿತು. ಆರು ಮೂವತ್ತು ಸಲ, ಒಂದು ಬರೀ ಹತ್ತು ಸಲ, ಪಕ್ಕದ ನಾಲ್ಕು ಮುಖ ತಲಾ ಇಪ್ಪತ್ತರ ಆಸುಪಾಸು. ಅಂದರೆ ಆರಕ್ಕೆ ನಾಲ್ಕರಲ್ಲೊಂದು ಪಾಲು, ಒಂದಕ್ಕೆ ಹನ್ನೆರಡರಲ್ಲೊಂದು. ಪಕ್ಕದ ಮುಖಗಳು ಮಾತ್ರ ನೆಟ್ಟಗಿದ್ದವು. "ಒಂದು, ಆರು ಬಿದ್ದರೆ ಲೆಕ್ಕಕ್ಕಿಲ್ಲ ಅಂತ ಮತ್ತೆ ಎಸೀರಿ. ಆಗ ಎಲ್ಲರಿಗೂ ಸಮ" ಎಂದೆ. ಮಕ್ಕಳು ಚಪ್ಪಾಳೆ ತಟ್ಟಿದರು, ನಾನೂ ಉಬ್ಬಿದೆ.

"ಯಾವ ಆಟಕ್ಕೇ ಇದು?" ಎಂದು ಸುಮ್ಮನೆ ಕೇಳಿದೆ.

"ಆಟಕ್ಕಲ್ಲ ಮೇಡಂ. ಅಜ್ಜಿಗೆ ಕಣ್ಣು ಮಂಜಾಗೈತೆ, ಮಗ್ಗಕ್ಕೆ ಇನ್ನೊಬ್ರು ಬೇಕು. ಇವತ್ತು ಸಂಜೆ ನಾಯ್ನ ದಾಳ ಹಾಕ್ತಾನೆ. ಒಂದರಿಂದ ಮೂರು ಬಿದ್ರೆ ಅಕ್ಕ ಕಾಲೇಜು ಬಿಡ್ಬೇಕು, ನಾಲ್ಕರಿಂದ ಆರು ಬಿದ್ರೆ ನಾನು."

ನಾಯ್ನ ಎಂದರೆ ಅವರ ಮನೆಮಾತು ತೆಲುಗಿನಲ್ಲಿ ಅಪ್ಪ. ಅಕ್ಕ ವರಲಕ್ಷ್ಮಿ ನನ್ನದೇ ಸೆಕೆಂಡ್ ಪಿಯುಸಿ ವಿದ್ಯಾರ್ಥಿನಿ. ಒಬ್ಬಳ ಓದು ನಿಲ್ಲಿಸುವುದು ಹೇಗೆಂದು ಇಷ್ಟು ಹೊತ್ತು ಚಪ್ಪಾಳೆ ತಟ್ಟಿಸಿಕೊಂಡು ಕಲಿಸಿದ್ದೆನಲ್ಲ!

ಸಂಜೆ ಚಳ್ಳಕೆರೆಯ ಬಸ್ಸು ಹತ್ತದೆ ಅವರ ಮನೆಗೆ ನಡೆದೆ. ಸೀರೆಯ ಅಂಚಿಗೆ ಬೇರೆ ಬಣ್ಣದ ನೂಲು ಹಾಯಿಸಲು ನೇಯುವವರ ಪಕ್ಕ ಇನ್ನೊಬ್ಬರು ಕೂತು ಲಾಳಿ ಕೊಡಬೇಕು. ಅಜ್ಜಿ ಕೂರುತ್ತಿದ್ದ ಆ ಜಾಗ ಖಾಲಿಯಿತ್ತು. ಅಪ್ಪ ನಾರಾಯಣಪ್ಪ ಕೆಟ್ಟವರಲ್ಲ. "ಒಂದು ಕಣ್ಣಿಗೆ ಬೆಣ್ಣೆ, ಒಂದು ಕಣ್ಣಿಗೆ ಸುಣ್ಣ ಆಗಬಾರ್ದು ಅಂತಾನೇ ದಾಳ ಹಾಕ್ತಿರೋದು ಮೇಡಂ" ಎಂದರು. ಕಿಟಕಿಯ ಬಳಿ ಹಿರಿಯ ಮಗ ಶ್ರೀನಿವಾಸ ಮೊಬೈಲ್ ನೋಡುತ್ತ ಕೂತಿದ್ದ. ಡಿಗ್ರಿ ಎರಡನೇ ವರ್ಷ. ಕಾಲೇಜಿಗಿಂತ ಬಸ್ ಸ್ಟ್ಯಾಂಡಿನಲ್ಲೇ ಅವನ ಹಾಜರಿ ಹೆಚ್ಚು.

"ಇವನ ಹೆಸರಿಗೆ ಯಾವ ಸಂಖ್ಯೆ?" ಎಂದೆ.

ನಾರಾಯಣಪ್ಪ ನಕ್ಕರು. "ಅವ್ನು ಗಂಡು ಹುಡ್ಗ ಮೇಡಂ." ನಾನು ನಗಲಿಲ್ಲ. ಮಗ್ಗದಲ್ಲಿದ್ದ ತಾಯಿ ಈಶ್ವರಮ್ಮ ಕೈ ನಿಲ್ಲಿಸಿದರು. "ಮೇಡಂ ಕೇಳೋದ್ರಲ್ಲಿ ತಪ್ಪೇನೈತೆ? ಮೂರೂ ನಮ್ಮ ಮಕ್ಕಳೇ. ಹಾಕ್ರಿ." ಮನೆಗೆ ಬಂದವರೆದುರು ಇಲ್ಲವೆನ್ನಲಾಗದೆ ನಾರಾಯಣಪ್ಪ ಒಪ್ಪಿದರು. ಎರಡು ಶ್ರೀನಿವಾಸನಿಗೆ, ಮೂರು ವರಲಕ್ಷ್ಮಿಗೆ, ನಾಲ್ಕು ಪದ್ಮಾವತಿಗೆ. ಬೇರೆ ಯಾವುದು ಬಿದ್ದರೂ ಮತ್ತೆ ಎಸೆಯುವುದು.

ದೇವರ ದೀಪದ ಮುಂದೆ ದಾಳ ಉರುಳಿತು. ಮೊದಲು ಆರು. ಆಮೇಲೆ ಎರಡು.

ನಾರಾಯಣಪ್ಪ ಮೆಲ್ಲಗೆ ದಾಳ ಎತ್ತಿಕೊಂಡರು. "ಸರಿಯಾಗಿ ಉರುಳ್ಲಿಲ್ಲ. ಇನ್ನೊಂದ್ಸಲ ಹಾಕ್ತೀನಿ."

ಈಶ್ವರಮ್ಮ ಎದ್ದು ಬಂದು ಗಂಡನ ಕೈ ಹಿಡಿದುಕೊಂಡರು. "ಹುಡ್ಗೀರ ನಂಬರ್ ಬಿದ್ದಿದ್ರೆ ಇನ್ನೊಂದ್ಸಲ ಹಾಕ್ತಿದ್ರಾ?"

ಅವರು ದಾಳವನ್ನು ದೀಪದ ಪಕ್ಕ ಇಟ್ಟರು. ಅಷ್ಟು ಹೊತ್ತಿಗೆ ಶ್ರೀನಿವಾಸನೇ ಮೊಬೈಲ್ ಬದಿಗಿಟ್ಟು ಅಂಚಿನ ಜಾಗಕ್ಕೆ ಹೋಗಿ ಕೂತ. ಮರುದಿನ ಅಕ್ಕತಂಗಿ ಇಬ್ಬರೂ ಕಾಲೇಜಿಗೆ ಬಂದರು.

ದಾಳದ ಮೊಳೆಯನ್ನು ಲೆಕ್ಕ ಹಾಕಿ ಹಿಡಿಯುವುದು ಸುಲಭ. ಆದರೆ ಆ ಮನೆಯಲ್ಲಿ ದಾಳ ಉರುಳುವ ಮೊದಲೇ ಒಬ್ಬನ ಪಾಲು ಸೊನ್ನೆಯಾಗಿತ್ತು. ಅದು ನನ್ನ ನೂರಿಪ್ಪತ್ತು ಎಸೆತಗಳಲ್ಲಿ ಎಲ್ಲೂ ಕಂಡಿರಲಿಲ್ಲ. ನಿವೃತ್ತಿಯಾಗುವವರೆಗೂ ಈ ಪಾಠ ಶುರು ಮಾಡುವ ಮುನ್ನ ಮಕ್ಕಳಿಗೆ ಕೇಳುತ್ತಿದ್ದೆ: ದಾಳ ಹಾಕುವಾಗ ಯಾರನ್ನು ಹೊರಗೆ ಬಿಟ್ಟಿದ್ದೀರಿ?