ಕಪ್ಪು ಮುಖವಾಡದ ಹುಡುಗಿಗೆ ಅಘನಾಶಿನಿಯ ಕಂಠ

ಅಘನಾಶಿನಿ ಊರಿನಲ್ಲಿ ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ಹೊಳೆಯಂಚಿನಲ್ಲಿ ನಿಂತ ನರ್ಮದಾ ಹರಿಕಂತ್ರ ಆಚೆ ದಡದತ್ತ ಒಂದು ಉದ್ದನೆಯ ಕೂಗು ಹಾಕುತ್ತಾರೆ. ತುಸು ಹೊತ್ತಿನಲ್ಲೇ ಮಬ್ಬಿನೊಳಗಿಂದ ದೋಣಿಯೊಂದು ಬರುತ್ತದೆ. ಹೊಳೆ ದಾಟುವವರು ಹೀಗೆ ಕೂಗಿ ದೋಣಿ ಕರೆಯುವುದು ಇಲ್ಲಿನ ವಾಡಿಕೆ. ಆದರೆ ನರ್ಮದಾ ಹತ್ತುವುದಿಲ್ಲ.

“ಎಂತದೇ, ಕರ್ದವ್ಳು ಹತ್ತೂದಿಲ್ಲ ಅಂದ್ರೆ? ಚಾ ಅರ್ಧಕ್ಕೆ ಬಿಟ್ಟು ಬಂದೆ ನಾನು!” ದೋಣಿಯ ಶುಕ್ರ ಗದರುತ್ತಾರೆ.

“ದಾಟೂಕಲ್ಲ ಶುಕ್ರಣ್ಣ. ಸ್ವರ ಬಂತಾ ನೋಡ್ದೆ.”

“ಆಚೆ ದಡದಲ್ಲಿ ನಂಗೆ ಕೇಳ್ತಲ್ಲ, ಇನ್ನೆಂತ ನೋಡೂದು?”

ನರ್ಮದಾ ಕಣ್ಣೊರೆಸಿಕೊಂಡು ನಗುತ್ತಾರೆ. ಮಳೆಗಾಲವಿಡೀ ಅವರು ಪಿಸುಮಾತಿನಲ್ಲೇ ಕಳೆದಿದ್ದಾರೆ.

ಅವರ ಕಸುಬು ಕಂಠದಾನ. ಜಪಾನಿನ ಅನಿಮೆ ಕಾರ್ಟೂನ್ ಸರಣಿಯೊಂದರ ಇಂಗ್ಲಿಷ್ ಡಬ್ಬಿಂಗ್‌ನಲ್ಲಿ, ಕಪ್ಪು ಮುಖವಾಡ ತೊಟ್ಟು ಕತ್ತಲ ನಗರದಲ್ಲಿ ದುಷ್ಟರನ್ನು ಬೆನ್ನಟ್ಟುವ ಸೂಪರ್‌ಹೀರೊ ಹುಡುಗಿಗೆ ಇವರದೇ ಧ್ವನಿ. ಮನೆಯವರದು ಮೀನು ವ್ಯಾಪಾರ. ಭಟ್ಕಳದ ಶಾಲೆಯೊಂದರಲ್ಲಿ ಇಂಗ್ಲಿಷ್ ಕಲಿಸುತ್ತಿದ್ದಾಗ ನರ್ಮದಾ ಮಕ್ಕಳಿಗೆಂದು ಕಥೆ ಓದಿ, ರೆಕಾರ್ಡ್ ಮಾಡಿ ಮೊಬೈಲಿಗೆ ಕಳಿಸುತ್ತಿದ್ದರು. ದುಬೈಯಲ್ಲಿದ್ದ ಪಾಲಕರೊಬ್ಬರ ಮೂಲಕ ಅದು ಮುಂಬೈಯ ಸ್ಟುಡಿಯೊ ತಲುಪಿತು. ಮೊದಮೊದಲು ಸಿಕ್ಕಿದ್ದು ಬರೀ ಸಾಯುವವರ ಪಾತ್ರ.

“ಮಧ್ಯಾಹ್ನ ಊಟದ ಹೊತ್ತಿನೊಳಗೆ ನಾಕೈದು ಸಲ ಸತ್ತದ್ದೂ ಉಂಟು” ಎನ್ನುತ್ತಾರೆ.

ಕಿರುಚಿ ಕಿರುಚಿ ಗಂಟಲು ಬಾತಿತು. ಮಾತೇ ಆಡಬೇಡಿ ಎಂದರು ಹೊನ್ನಾವರದ ವೈದ್ಯರು. ಅಷ್ಟರಲ್ಲಿ ಮುಖವಾಡದ ಹುಡುಗಿಯ ಪಾತ್ರದಲ್ಲಿ ಮುಗಿಯದೆ ಉಳಿದದ್ದು ಒಂದೇ ಕೂಗು. ಅದು ಸರಿಬರದಿದ್ದರೆ ಇಡೀ ಪಾತ್ರಕ್ಕೆ ಬೇರೆಯವರ ಧ್ವನಿ ಎಂದು ಸ್ಟುಡಿಯೊದವರು ತಿಳಿಸಿದ್ದರು.

“ಕಿರಚೂ ಕೆಲ್ಸ ಸಾಕು, ನಂಜೊತಿಗೆ ಮೀನು ಮಾರೂಕೆ ಬಾ ಅಂದೆ. ಅದೂ ಕಿರಚೂದೇ ಅಲ್ವಾ ಅಂದ್ಲು!” ತಾಯಿ ದೇವಿ ನಗುತ್ತಾರೆ. ದಾರಿ ತೋರಿಸಿದ್ದೂ ಅವರೇ. “ಗಂಟ್ಲು ಹರ್ಕೊಳ್ಳೂದು ಎಂತಕೆ? ದೋಣಿ ಕರಿಯೂ ಹಾಂಗೆ ಹೊಟ್ಟೆಯಿಂದ ಕೂಗು ಅಂದೆ.”

ಬೆಳಗಿನ ಬಸ್ಸಿನಲ್ಲಿ ನರ್ಮದಾ ಕುಮಟೆಗೆ ಬರುತ್ತಾರೆ. ವಿನೋದ ಎಂಬವರು ಭಜನೆ ರೆಕಾರ್ಡ್ ಮಾಡುವ ಪುಟ್ಟ ಕೋಣೆ. ಗೋಡೆಗೆಲ್ಲ ಹಳೆಯ ಹಾಸಿಗೆ. ಕಂಪ್ಯೂಟರಿನಲ್ಲಿ ಮುಂಬೈಯ ನಿರ್ದೇಶಕರು ಕಾದಿದ್ದಾರೆ. ಪರದೆಯ ಮೇಲೆ ಮುಖವಾಡದ ಹುಡುಗಿಯ ತಮ್ಮ ಮಾಳಿಗೆಯಿಂದ ಜಾರಿ ಹೊಗೆಯಲ್ಲಿ ಮರೆಯಾಗುತ್ತಾನೆ. ನರ್ಮದಾ ಅವನನ್ನು ಕರೆಯುತ್ತಾರೆ. ಅದು ಕಿರುಚಾಟವಲ್ಲ, ಬಂದೇ ಬರುತ್ತಾನೆಂದು ನಂಬಿದವರ ಕರೆ.

ನರ್ಮದಾ ಕಂಪ್ಯೂಟರಿನತ್ತ ಬಗ್ಗುತ್ತಾರೆ.

“ನೆಟ್ ಹೋಯ್ತಾ?”

“ನೆಟ್ ಉಂಟು” ಎನ್ನುತ್ತಾರೆ ವಿನೋದ. “ಅವ್ರೇ ಮಾತಾಡೂದಿಲ್ಲ.”

ಕಡೆಗೆ ನಿರ್ದೇಶಕರು, ಇನ್ನೊಂದು ಸಲ ಬೇಡ, ಇದೇ ಇರಲಿ ಎನ್ನುತ್ತಾರೆ. ಮುಂದಿನ ಸೀಸನ್ನಿಗೂ ನೀವೇ ಎನ್ನುತ್ತಾರೆ. ನರ್ಮದಾ ಇದ್ದಲ್ಲೇ ನೆಲಕ್ಕೆ ಕುಳಿತು ಉಸಿರು ಬಿಡುತ್ತಾರೆ.

ತಾಯಿ ಈವರೆಗೆ ಮಗಳ ಕೆಲಸವನ್ನು ಪೂರ್ತಿ ನೋಡಿಲ್ಲ. ಭಾಷೆ ಅರ್ಥವಾಗದಿದ್ದರೂ ಮಗಳು ಸಾಯುವ ಸ್ವರ ಅರ್ಥವಾಗುತ್ತದೆ, ಎದ್ದು ಹೋಗಿಬಿಡುತ್ತಾರೆ.

“ಈ ಹುಡುಗಿ ಕೊನೀವರೆಗೂ ಬದುಕ್ತದಂತೆ” ಎನ್ನುತ್ತಾರೆ ನರ್ಮದಾ. “ಅಮ್ಮ ಇದೊಂದನ್ನ ಪೂರ್ತಿ ಕೂತು ನೋಡ್ಲಿ. ನಂಗೆ ಅಷ್ಟಾದ್ರೆ ಆತು.”