ಮಾವನವರು ಇಳಿಯದ ನಿಲ್ದಾಣ

ಫೋನಿನಲ್ಲಿ ಕೇಳುವ ಕಥೆಗಳನ್ನು ತಯಾರಿಸುವ ಪುಣೆಯ ಒಂದು ಸಣ್ಣ ಕಂಪನಿಯಲ್ಲಿ ನಾನು ಕನ್ನಡದ ಕರಡು ತಿದ್ದುತ್ತೇನೆ. ಅಲ್ಲಿ ಕಥೆ ಬರೆಯುವ ಬೆಂಗಳೂರಿನ ಹುಡುಗಿಯೊಬ್ಬಳು ಹೋದ ವರ್ಷ, ಸೂರ್ಯ ಮುಳುಗದ ಒಂದು ನಾಡನ್ನು ಕಲ್ಪಿಸಿಕೊಂಡು ಧಾರಾವಾಹಿ ಬರೆದಳು. ಆ ನಾಡಿನವರಿಗೆ ರಾತ್ರಿಯಿಲ್ಲ, ಹಾಗಾಗಿ ನಿದ್ದೆಯೂ ಇಲ್ಲ. ಕನಸು ಬೇಕೆನಿಸಿದಾಗ ಅವರು ಒಂದು ಬಗೆಯ ಹಾಡು ಕೇಳುತ್ತಾರೆ. ಅದಕ್ಕೆ ಅವಳು ಇಟ್ಟ ಹೆಸರು ಜೊಂಪದ. ಅದರಲ್ಲಿ ತಾಳವಿಲ್ಲ, ಅರ್ಥವಿರುವ ಮಾತಿಲ್ಲ, ಇರುವುದು ನಾಲ್ಕೇ ಸ್ವರ. ಪ್ರತಿ ಸಾಲೂ ಮುಗಿಯುವ ಮೊದಲೇ ನಿಂತುಬಿಡಬೇಕು. ಉಳಿದದ್ದನ್ನು ಕೇಳುವವರ ಮನಸ್ಸು ಮುಗಿಸಿಕೊಳ್ಳುತ್ತ, ಕಣ್ಣು ತೆರೆದಿರುವಾಗಲೇ ಕನಸಿಗೆ ಇಳಿಯಬೇಕು.

ಅದನ್ನು ನಾನೇ ಹಾಡಬೇಕೆಂದು ಅವಳು ಹಟ ಹಿಡಿದಳು. ಶಾಲೆಯಲ್ಲಿ ಹಾಡಿನ ಟೀಚರು ನನ್ನನ್ನು ಹಿಂದಿನ ಸಾಲಿಗೆ ಕಳಿಸಿ, ಬರೀ ತುಟಿ ಆಡಿಸು ಅಂದಿದ್ದರು. ಅಂದಿನಿಂದ ನಾನು ಯಾರೆದುರೂ ಹಾಡಿದವಳಲ್ಲ.

"ನನ್ನ ದನಿ ಗೊಗ್ಗರು ಅದವ್ವಾ," ಅಂದೆ.

"ಅದೇ ಬೇಕಿರೋದು ಮೇಡಂ. ಟ್ರೇನಿಂಗ್ ಆಗಿರೋ ವಾಯ್ಸ್ ಆದ್ರೆ ಎಲ್ಲರೂ ಹಾಡನ್ನೇ ಕೇಳ್ತಾ ಕೂತ್ಕೋತಾರೆ. ಕನಸು ಬೀಳಲ್ಲ."

ಮನೆಯಿಂದ ಕೆಲಸ ಮಾಡುವ ದಿನಗಳಲ್ಲಿ ಮಧ್ಯಾಹ್ನ ಅಭ್ಯಾಸಕ್ಕೆ ಕೂರತೊಡಗಿದೆ. ಆ ಹೊತ್ತಿಗೆ ಮನೆಯಲ್ಲಿರುವವರು ನಾನು ಮತ್ತು ಮಾವನವರು ಇಬ್ಬರೇ. ಅತ್ತೆ ತೀರಿಕೊಂಡಾಗಿನಿಂದ ಮಾವನವರು ಮಧ್ಯಾಹ್ನ ಅಡ್ಡಾಗುವುದನ್ನೇ ಬಿಟ್ಟಿದ್ದರು. ಅರ್ಧ ಗಂಟೆಗೊಮ್ಮೆ ಬಂದು ಟೈಮ್ ಎಷ್ಟಾತು ಎಂದು ಕೇಳುತ್ತಿದ್ದರು. ಮೊದಲ ದಿನ ಮೆಂತ್ಯ ಸೊಪ್ಪು ಬಿಡಿಸುತ್ತ ಹಾಡಿಕೊಂಡೆ. ಎಷ್ಟು ಹೊತ್ತಾದರೂ ಅವರು ಟೈಮ್ ಕೇಳಲಿಲ್ಲ. ತಿರುಗಿ ನೋಡಿದರೆ ಕುರ್ಚಿಯಲ್ಲಿ ಕೂತು ಗೋಡೆಯನ್ನೇ ನೋಡುತ್ತಿದ್ದರು. ಹೆದರಿಕೆಯಾಯಿತು.

"ಮಾವಾರ, ಆರಾಮ ಅದೀರಿಲ್ಲ?"

"ದೇಹೂ ರೋಡ್ ಬಂತು ತಂಗಿ. ನಾ ಇಳೀಲಿಲ್ಲ."

ದೇಹೂ ರೋಡಿನ ಸೇನೆಯ ಉಗ್ರಾಣವೊಂದರಲ್ಲಿ ಅವರು ಮೂವತ್ತು ವರ್ಷ ಗುಮಾಸ್ತರಾಗಿದ್ದರು. ಶಿವಾಜಿನಗರದಿಂದ ಲೋಣಾವಳಾ ಲೋಕಲ್ ಹಿಡಿದು ದಿನವೂ ಅಲ್ಲಿ ಇಳಿಯುತ್ತಿದ್ದರು. ಮುಂದಕ್ಕೆ ಹೋದವರೇ ಅಲ್ಲ.

"ಮುಂದ ಏನಾತ್ರಿ?"

"ಮುಂದ ನೀ ಹಾಡೂದು ನಿಲ್ಲಿಸಿಬಿಟ್ಟಿ."

ಮರುದಿನ ತಾವೇ ಕುರ್ಚಿ ಎಳೆದುಕೊಂಡು ಬಂದರು. ಆ ದಿನ ಕನಸಿನ ಗಾಡಿ ಮುಂದಿನ ತಳೇಗಾಂವ್ ದಾಟಿತಂತೆ. ಮತ್ತೊಂದು ದಿನ ತಗ್ಗಿದ ದನಿಯಲ್ಲಿ ಹೇಳಿದರು: "ನಿಮ್ಮತ್ತಿ ಕಿಡಕಿ ಹತ್ರ ಕೂತಿದ್ಲು. ಮಾತಾಡ್ಸಿದ್ರ ಹೊಳ್ಳಿ ನೋಡ್ಲಿಲ್ಲ." ಪ್ರತಿ ಮಳೆಗಾಲದಲ್ಲೂ ಅತ್ತೆ, ಆ ಗಾಡಿ ಕೊನೆಗೆ ಮುಟ್ಟುವ ಗುಡ್ಡದೂರು ಲೋಣಾವಳಾ ತೋರಿಸಿ ಎಂದು ಕೇಳುತ್ತಿದ್ದರಂತೆ. ವಾರವೆಲ್ಲ ಅದೇ ಗಾಡಿ, ರವಿವಾರವೂ ಅದರಲ್ಲೇ ಕೂರಬೇಕೇ ಎಂದು ಇವರು ರೇಗುತ್ತಿದ್ದರಂತೆ.

ಇದನ್ನೆಲ್ಲ ಧಾರಾವಾಹಿ ಬರೆದ ಹುಡುಗಿಗೆ ಹೇಳಿದೆ. ಅವಳ ಮುಖ ಸಣ್ಣದಾಯಿತು. "ನಾನು ಸುಮ್ನೆ ಬರೆದಿದ್ದು ಮೇಡಂ. ಅವರಿಗೆ ತೊಂದರೆ ಏನೂ ಆಗ್ತಿಲ್ಲ ಅಲ್ವಾ?" ಅಂದಳು. ಹಾಡಿಗೆ ಅಂಥ ಶಕ್ತಿ ಇತ್ತೋ, ಯಾರೋ ಒಬ್ಬರು ಹತ್ತಿರ ಕೂತದ್ದೇ ಮಾವನವರಿಗೆ ಸಾಕಾಗಿತ್ತೋ, ನನಗೂ ತಿಳಿಯಲಿಲ್ಲ.

ಧ್ವನಿಮುದ್ರಣ ಮುಗಿಯಿತು, ಅಭ್ಯಾಸವೂ ನಿಂತಿತು. ಎರಡು ದಿನ ಕಾದು ಮಾವನವರೇ ಕೇಳಿದರು.

"ಇವತ್ತೂ ಹಾಡಂಗಿಲ್ಲೇನು? ಕಾಮಶೇತ ದಾಟೇದ. ಇನ್ನ ಭಾಳ ದೂರಿಲ್ಲ."

"ಖರೇ ಗಾಡ್ಯಾಗ ಹೋಗೂಣ್ರಿ ಮಾವಾರ."

"ಆಕಿ ಇಲ್ದ ನಾ ಒಬ್ಬನ ಹೋದ್ರ ತಪ್ಪಾಗ್ತದೇನು?"

"ನಾನೂ ಇರ್ತೀನಲ್ರಿ," ಅಂದೆ. ಅವರು ಕೇಳಿದ್ದಕ್ಕೆ ಅದು ಉತ್ತರವಲ್ಲ ಎಂದು ಇಬ್ಬರಿಗೂ ಗೊತ್ತಿತ್ತು.

ರವಿವಾರ ಬೆಳಿಗ್ಗೆ ಹೊರಟೆವು. ದೇಹೂ ರೋಡ್ ಬಂದಾಗ ಅವರು ರೂಢಿಯಂತೆ ಚೀಲ ಹಿಡಿದು ಎದ್ದು ನಿಂತರು, ನನ್ನ ಮುಖ ನೋಡಿ ಮತ್ತೆ ಕೂತರು. ಲೋಣಾವಳಾದಲ್ಲಿ ಹೊರಗೆ ಕಾಲಿಡಲಾಗದಂಥ ಮಳೆ. ಪ್ಲಾಟ್‌ಫಾರ್ಮಿನ ಬೆಂಚಿನ ಮೇಲೇ ಕೂತು, ಮೋಡದಲ್ಲಿ ಮರೆಯಾಗಿ ಮತ್ತೆ ಕಾಣುವ ಗುಡ್ಡವನ್ನು ನೋಡಿದೆವು.

"ದೇಹೂ ರೋಡಿನಿಂದ ಮುಕ್ಕಾಲು ತಾಸಿನ ದಾರಿ," ಅಂದರು ಮಾವನವರು. "ಕರಕೊಂಡು ಬರಬಹುದಿತ್ತು."

ಮನೆಯಲ್ಲಿ ಅವರು ಅತ್ತೆಯ ಮಾತೆತ್ತಿದಾಗಲೆಲ್ಲ ನಾವು, ಹೋಗಲಿ ಬಿಡ್ರಿ, ಮನಸ್ಸಿಗೆ ಹಚ್ಚಿಕೋಬ್ಯಾಡ್ರಿ ಅನ್ನುತ್ತಿದ್ದೆವು. ಅಲ್ಲಿ ಹಾಗನ್ನಲು ಬಾಯಿ ಬರಲಿಲ್ಲ.

"ಹೌದ್ರಿ, ಕರಕೊಂಡು ಬರಬಹುದಿತ್ತು."

ಅವರು ತಲೆಯಾಡಿಸಿದರು. ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. ನನ್ನ ಮಾತಿನಿಂದ ನೋವಾಯಿತೇನೋ ಎಂದು ನೋಡಿದೆ. ಅವರ ಮುಖ ಎಷ್ಟೋ ದಿನಗಳ ಮೇಲೆ ಹಗುರಾದಂತಿತ್ತು. ಸ್ವಲ್ಪ ಹೊತ್ತಿಗೆ ಚಹಾ ಕುಡಿಯೋಣವೇ ಎಂದು ಕೇಳಿದರು.

ಧಾರಾವಾಹಿ ಬಂತು, ಕೇಳಿದವರು ಹೆಚ್ಚಿಲ್ಲ. ಮಾವನವರು ಎರಡು ಕಂತು ಕೇಳಿ, ಭಾಳ ಉದ್ದ ಆತು ಅಂದರು. ಈಗ ಊಟವಾದ ಮೇಲೆ ತಾವಾಗಿಯೇ ಮಲಗುತ್ತಾರೆ. ಮಳೆ ಶುರುವಾದರೆ ಮನೆಗೆ ಬಂದ ಗಂಡಸರಿಗೆಲ್ಲ, ಹೆಂಡತೀನ್ನ ಕರಕೊಂಡು ಎಲ್ಲೆರೆ ಹೋಗಿಬರ್ರಿ ಅನ್ನುತ್ತಾರೆ. ಬಂದವರು ನಕ್ಕರೆ ಇನ್ನೊಮ್ಮೆ ಹೇಳುತ್ತಾರೆ.